ಗರಸಿನ ಅಂಕಣ, ಮತ್ತು ನಾನು ಕೊಟ್ಟ ಮಾತು

ಕೋಚ್ ಆಗಿ ಕೆಲಸಕ್ಕೆ ಸೇರಿದ ಮೊದಲ ದಿನ ನನ್ನ ಟೆನಿಸ್ ಅಂಕಣದ ಮೇಲೆ ಮೆಕ್ಕೆಜೋಳ ಒಣಗುತ್ತಿತ್ತು. ಈ ಗೆರೆಯಿಂದ ಆ ಗೆರೆಯವರೆಗೆ ಹಳದಿ ಕಾಳು ಹರಡಿತ್ತು. ಅದರ ನಡುವೆ ಪಂಚೆ ಎತ್ತಿ ಕಟ್ಟಿದ ವಯಸ್ಸಾದವರೊಬ್ಬರು ಬರಿಗಾಲಲ್ಲಿ ಸಾಲು ಹಿಡಿದು ನಡೆಯುತ್ತ ಕಾಳನ್ನು ಕಾಲಿನಿಂದಲೇ ತಿರುವುತ್ತಿದ್ದರು. ಮಳೆ ಮುಗಿದ ಕಾಲ. ಆದರೂ ಬೆಳಗಿನ ಒಂಬತ್ತಕ್ಕೇ ಬಿಸಿಲು ಚುರುಗುಟ್ಟುತ್ತಿತ್ತು. ನಾನು ರ‍್ಯಾಕೆಟ್ ಚೀಲ ಹೆಗಲಿಗೆ ಹಾಕಿಕೊಂಡು ಅಂಚಿನಲ್ಲಿ ನಿಂತೆ.

“ಇದು ಟೆನಿಸ್ ಕೋರ್ಟ್ ಅಲ್ಲವಾ?” ಎಂದು ಕೇಳಿದೆ.

“ಹೌದ್ರಿ, ಅದಾ,” ಎಂದರು ಅವರು, ನಡಿಗೆ ನಿಲ್ಲಿಸದೆ. “ಎಲ್ಡು ದಿನ ತಡೀರಿ, ಒಣಗತೈತಿ. ಆಮ್ಯಾಲೆ ನೀವು ಏನರ ಆಡ್ಕೊಳ್ರಿ.”

ಮೈಸೂರಿನ ಕ್ಲಬ್ಬಿನಲ್ಲಿ ಆಡಿದವರಿಗೆ ನನ್ನ ಆಗಿನ ಮುಖ ಹೇಗಿತ್ತೆಂದು ಹೇಳಬೇಕಾಗಿಲ್ಲ. ಅಲ್ಲಿ ಚಪ್ಪಲಿ ಹಾಕಿ ಅಂಕಣಕ್ಕೆ ಕಾಲಿಟ್ಟರೆ ಅಂಕಣ ನೋಡಿಕೊಳ್ಳುವ ಮಾರ್ಕರ್ ಬೈಯುತ್ತಿದ್ದರು. ದಿನಾ ಬೆಳಿಗ್ಗೆ ನೀರು ಚಿಮುಕಿಸಿ, ಗುಡಿಸಿ, ಸುಣ್ಣದ ಗೆರೆ ಎಳೆದ ಮೇಲೆಯೇ ನಮಗೆ ಒಳಗೆ ಪ್ರವೇಶ. ಇಲ್ಲಿ ನನ್ನ ಅಂಕಣವೆಂದರೆ ಕಾಲೇಜಿನ ಹಿಂದಿನ ಸಿಮೆಂಟ್ ಅಂಗಳ. ಅದರ ಮೇಲೆ ಯಾರೋ ಬಿಳಿ ಬಣ್ಣದಲ್ಲಿ ಗೆರೆ ಬಳಿದಿದ್ದರು, ಅಳತೆಯೂ ತಪ್ಪು. ನೆಟ್ ಇರಲಿಲ್ಲ. “ಎರಡು ಅಂಕಣ ಸಿದ್ಧವಾಗಿವೆ, ನೀನು ಬಂದರೆ ಸಾಕು,” ಎಂದು ಫೋನಿನಲ್ಲಿ ಹೇಳಿದ್ದವಳು ಶೈಲಜಾ.

ಶೈಲಜಾ ಯಾರೆಂದು ಹೇಳಬೇಕು. ಒಂಬತ್ತು ವರ್ಷ ನಾನೂ ಅವಳೂ ಡಬಲ್ಸ್ ಜೊತೆಗಾರ್ತಿಯರು. ಅಂಚೆ ಕಚೇರಿಯ ನೌಕರರ ಮಗಳು ನಾನು, ವಕೀಲರ ಮಗಳು ಅವಳು. ಒಂದೇ ಕ್ಲಬ್ಬಿನಲ್ಲಿ ಆಟ ಕಲಿತೆವು. ಅವಳು ನೆಟ್ ಹತ್ತಿರ, ನಾನು ಹಿಂದೆ. ಅವಳ ತಲೆಯ ಮೇಲೆ ಹೋದ ಚೆಂಡೆಲ್ಲ ನನ್ನದು ಎಂಬುದು ನಮ್ಮ ನಡುವೆ ಹೇಳದೆಯೇ ಇದ್ದ ಒಪ್ಪಂದ. ರೈಲಿನಲ್ಲಿ ಒಂದೇ ಬರ್ತಿನಲ್ಲಿ ಕಾಲು ಮಡಚಿ ಮಲಗಿ ಊರೂರು ತಿರುಗಿದ್ದೇವೆ. ರಾಷ್ಟ್ರಮಟ್ಟದಲ್ಲಿ ಗೆದ್ದಿದ್ದಕ್ಕಿಂತ ಸೆಮಿಫೈನಲ್ಲಿನಲ್ಲಿ ಸೋತಿದ್ದೇ ಹೆಚ್ಚು. ಇಪ್ಪತ್ತೆಂಟನೆಯ ವಯಸ್ಸಿನಲ್ಲಿ ನನ್ನ ಬಲಮಂಡಿ ತಿರುಚಿ ಆಟ ನಿಂತಿತು. ಅದೇ ವರ್ಷ ಅವಳು ಹಗರಿಬೊಮ್ಮನಹಳ್ಳಿಯ ಮನೆತನವೊಂದಕ್ಕೆ ಸೊಸೆಯಾಗಿ ಹೋದಳು. ಆ ಮನೆಯವರದು ಶಾಲೆ, ಕಾಲೇಜುಗಳಿರುವ ಒಂದು ಸಂಸ್ಥೆ. ನಾನು ಹತ್ತು ವರ್ಷ ಮೈಸೂರಿನ ಅಪಾರ್ಟ್‌ಮೆಂಟುಗಳಲ್ಲಿ ಮಕ್ಕಳಿಗೆ ಚೆಂಡು ಎಸೆಯುತ್ತ ಕಳೆದೆ. ಆ ಮಕ್ಕಳು ಪರೀಕ್ಷೆ ಬಂದರೆ ಆಟ ಬಿಡುತ್ತಿದ್ದರು, ಮಳೆ ಬಂದರೂ ಬಿಡುತ್ತಿದ್ದರು. ಒಂದು ದಿನ ಶೈಲಜಾಳ ಫೋನು: “ನಮ್ಮ ಹೆಣ್ಣುಮಕ್ಕಳ ಕಾಲೇಜಿಗೆ ಕೋಚ್ ಬೇಕು. ನಿನ್ನನ್ನು ಬಿಟ್ಟು ಇನ್ಯಾರನ್ನು ಕೇಳಲಿ ವಸೂ?” ನನ್ನನ್ನು ವಸೂ ಎಂದು ಕರೆಯುವವರು ಆ ಹೊತ್ತಿಗೆ ಅಮ್ಮ ಮತ್ತು ಅವಳು, ಇಬ್ಬರೇ ಉಳಿದಿದ್ದರು. ಹೊರಟುಬಿಟ್ಟೆ.

ಕಾಲೇಜು ಕೊಟ್ಟೂರಿನಿಂದ ಹಗರಿಬೊಮ್ಮನಹಳ್ಳಿಗೆ ಹೋಗುವ ದಾರಿಯಲ್ಲಿದೆ. ಕೊಟ್ಟೂರಿನಲ್ಲಿ ಮನೆ ಹುಡುಕಿದೆ. ನೋಡಿದ ಮೂರು ಮನೆಗಳಲ್ಲೂ ಒಂದೇ ಪ್ರಶ್ನೆ: “ಯಜಮಾನ್ರು ಯಾವಾಗ ಬರ್ತಾರ್ರಿ?” ಯಜಮಾನರಿಲ್ಲ ಎಂದರೆ ಮನೆಯೂ ಇಲ್ಲ. ನಾಲ್ಕನೆಯದು ಖಾಜಾ ಸಾಹೇಬರ ಮನೆ. ಬೋರ್‌ವೆಲ್ ಪಂಪು ರಿಪೇರಿ, ವೆಲ್ಡಿಂಗ್ ಅವರ ಕೆಲಸ. ಕೆಳಗೆ ಅಂಗಡಿ ಮತ್ತು ಅವರ ಸಂಸಾರ, ಮೇಲೆ ಒಂದು ಕೋಣೆ, ಅಡುಗೆಮನೆ. ಅವರ ಹೆಂಡತಿ ಮಾಬುನ್ನಿ ನನ್ನ ಚೀಲವನ್ನು ನೋಡಿ, “ಇದ್ರಾಗೇನೈತ್ರಿ, ತಂಬೂರೀನಾ?” ಎಂದರು. ರ‍್ಯಾಕೆಟ್ ತೆಗೆದು ತೋರಿಸಿದೆ. ಬೆರಳಲ್ಲಿ ತಂತಿ ಮೀಟಿ ನಕ್ಕರು. ಯಜಮಾನರ ವಿಷಯ ಬರಲೇ ಇಲ್ಲ. “ನೀರು ಗಡಸು ಅದಾವ. ತಲಿಗೆ ಹಾಕ್ಕೊಂಡ್ರ ಕೂದ್ಲು ಉದುರತಾವ. ಅದೊಂದ ತ್ರಾಸು, ಮತ್ತೇನಿಲ್ಲ,” ಎಂದು ಬೀಗದ ಕೈ ಕೊಟ್ಟರು.

ಮಾರನೆಯ ಬೆಳಿಗ್ಗೆ ಕೆಳಗಿನಿಂದ ಕೂಗಿ ಕೇಳಿದರು: “ಒಗ್ಗರಣಿ ತಿಂತೀರೇನ್ರಿ?” ನಾನು ಗಲಿಬಿಲಿಗೊಂಡೆ. ನಮ್ಮ ಕಡೆ ಒಗ್ಗರಣೆಯನ್ನು ಸಾರಿಗೆ ಹಾಕುತ್ತೇವೆ; ಅದನ್ನೇ ಯಾರು ತಿನ್ನುತ್ತಾರೆ? ಇಲ್ಲಿ ಒಗ್ಗರಣಿ ಎಂದರೆ ನೆನೆಸಿ ಹಿಂಡಿದ ಮಂಡಕ್ಕಿಗೆ ಈರುಳ್ಳಿ, ಹಸಿಮೆಣಸಿನಕಾಯಿ, ಹುಣಸೆಹುಳಿ ಹಾಕಿ ಕಲಸಿದ ತಿಂಡಿ. ಜೊತೆಗೆ ಮಿರ್ಚಿ ಬಜ್ಜಿ, ಅದೂ ಬೆಳಗಿನ ಏಳು ಗಂಟೆಗೆ. ಮೊದಲ ವಾರ ಹೊಟ್ಟೆ ಉರಿಯಿತು. ಎರಡನೆಯ ತಿಂಗಳಿಗೆ ಅಮ್ಮನಿಗೆ ಫೋನ್ ಮಾಡಿ, ಮೈಸೂರಿನ ಉಪ್ಪಿಟ್ಟು ಸಪ್ಪೆ ಎಂದು ಹೇಳುವಷ್ಟು ಬದಲಾಗಿದ್ದೆ.

ಮಾತು ಹತ್ತಲು ಇನ್ನೂ ಹೆಚ್ಚು ಸಮಯ ಬೇಕಾಯಿತು. ಹುಡುಗಿಯರು ಕೂಡ್ಲಿಗಿ, ಹಡಗಲಿ, ಹರಪನಹಳ್ಳಿಯ ಕಡೆಯಿಂದ ಬಸ್ಸಿನಲ್ಲಿ ಬರುತ್ತಿದ್ದರು. “ಸರ್ವ್ ಮಾಡು” ಎಂದರೆ “ಬರಂಗಿಲ್ರಿ” ಎನ್ನುತ್ತಿದ್ದರು. ಮಾಡಲು ಗೊತ್ತಿಲ್ಲ ಎಂದು ಅವರ ಅರ್ಥ; ನಾಳೆ ಕಾಲೇಜಿಗೇ ಬರುವುದಿಲ್ಲವೇನೋ ಎಂದು ನಾನು ಗಾಬರಿಯಾಗುತ್ತಿದ್ದೆ. ಇನ್ನೊಂದು ಮಾತು “ಅಕ್ಕೈತಿ”. ಆಗುತ್ತದೆ ಎಂದು ಅರ್ಥ. ನೆಟ್ ಯಾವಾಗ ಬರುತ್ತದೆ ಎಂದು ಕೇಳಿದರೆ ಗುಮಾಸ್ತರು “ಅಕ್ಕೈತಿ ಬಿಡ್ರಿ” ಎನ್ನುವರು. ಮೈಸೂರಿನಲ್ಲಿ “ನೋಡೋಣ” ಎಂದರೆ ಆಗುವುದಿಲ್ಲವೆಂದು ನಮಗೆ ತಿಳಿಯುತ್ತದೆ. ಅಕ್ಕೈತಿ ಎಂಬುದರಲ್ಲಿ ಆಗುವುದೆಷ್ಟು, ಆಗದಿರುವುದೆಷ್ಟು ಎಂದು ಅಳೆಯಲು ನನಗೆ ಕೊನೆಯವರೆಗೂ ಬರಲಿಲ್ಲ.

ಸಿಮೆಂಟಿನ ಮೇಲೆ ಎರಡು ವಾರ ಆಡಿಸುವಷ್ಟರಲ್ಲಿ ನನ್ನ ಮಂಡಿ ಊದಿಕೊಂಡಿತು. ಪಕ್ಕದಲ್ಲಿ ಖಾಲಿ ಜಾಗವಿತ್ತು, ಜಾಲಿ ಗಿಡ, ಕಲ್ಲು. ಅಲ್ಲೊಂದು ಮಣ್ಣಿನ ಅಂಕಣ ಮಾಡಬಹುದೇ ಎಂದು ಖಾಜಾ ಸಾಹೇಬರನ್ನು ಕೇಳಿದೆ. ಹೇಗಿರಬೇಕು ಎಂದರು. ಗಟ್ಟಿಯಾಗಿರಬೇಕು, ಸಮವಾಗಿರಬೇಕು, ಮೇಲೆ ತೆಳುವಾಗಿ ಹುಡಿ ಇರಬೇಕು ಎಂದೆ. ಅವರು ನಕ್ಕುಬಿಟ್ಟರು. “ಅದು ಕಣ ಅಲ್ಲೇನ್ರಿ ಮೇಡಂ! ಜ್ವಾಳ ಬಡಿಯಾ ಕಣ. ಇದನ್ನ ಕಲ್ಸಾಕ ಮೈಸೂರಿಂದ ಬರ್ಬೇಕಾಗಿತ್ತಾ?”

ನಿಜವಾಗಿತ್ತು. ನನ್ನ ಹುಡುಗಿಯರಲ್ಲಿ ಅರ್ಧ ಜನಕ್ಕೆ ಕಣ ಮಾಡಲು ಗೊತ್ತಿತ್ತು. ಗುಡ್ಡದ ಬದಿಯ ಗರಸು, ಅಂದರೆ ಕೆಂಪು ಕಲ್ಲುಮಣ್ಣು, ಟ್ರ್ಯಾಕ್ಟರಿನಲ್ಲಿ ಬಂತು. ಜರಡಿ ಹಿಡಿದರು, ನೀರು ಹೊಡೆದರು, ತುಳಿದರು. ಖಾಜಾ ಸಾಹೇಬರು ಹಳೆಯ ಬೋರ್‌ವೆಲ್ ಪೈಪಿನಿಂದ ನೆಟ್ ಕಂಬ ಮಾಡಿ ಅದಕ್ಕೊಂದು ತಿರುಗಣಿ ಬೆಸೆದರು. ಮೇಲೆ ಉರುಳಿಸಲು ಕಲ್ಲಿನ ಗುಂಡು ಬೇಕಿತ್ತು. ಅದನ್ನು ತಂದುಕೊಟ್ಟವರು ಹಿರೇಹಡಗಲಿ ಪಕ್ಕದ ಹಳ್ಳಿಯ ಮೈಲಾರಪ್ಪ. ಕುರಿ ಸಾಕುವವರು, ಒಂದಿಷ್ಟು ಹೊಲವೂ ಇತ್ತು. ಅವರ ಮಗಳು ರೇಣುಕಾ ನಮ್ಮಲ್ಲಿ ಬಿ.ಎ. ಮೊದಲ ವರ್ಷ, ಹಾಸ್ಟೆಲಿನಲ್ಲಿದ್ದಳು.

ರೇಣುಕಾ ಮೊದಲ ದಿನವೇ ಸರ್ವ್ ಮಾಡಿದಳು. ಹೊಲ ಕಾಯುವಾಗ ಹಕ್ಕಿಗಳಿಗೆ ಕವಣೆ ಬೀಸಿ ಅಭ್ಯಾಸವಾಗಿದ್ದ ತೋಳು. ಭುಜ, ಮೊಣಕೈ, ಮಣಿಕಟ್ಟು ಒಂದರ ಹಿಂದೊಂದು ಬಿಚ್ಚಿಕೊಂಡು ಬರುವುದನ್ನು ಮೈಸೂರಿನ ಮಕ್ಕಳಿಗೆ ಕಲಿಸಲು ನನಗೆ ಎರಡು ವರ್ಷ ಹಿಡಿಯುತ್ತಿತ್ತು. ಇವಳಿಗೆ ನಾನು ಕಲಿಸಿದ್ದು ಚೆಂಡನ್ನು ಎತ್ತಿ ಹಾಕುವುದನ್ನಷ್ಟೇ. ಆಷಾಢದಲ್ಲಿ ಇಲ್ಲಿ ಬೀಸುವ ಗಾಳಿಗೆ ಚೆಂಡು ಮೇಲೆ ಹೋಗಿ ಇನ್ನೆಲ್ಲೋ ಇಳಿಯುತ್ತದೆ. ಹುಡುಗಿಯರು ಗುಡ್ಡದ ಮೇಲಿನ ಗಾಳಿಯಂತ್ರಗಳನ್ನು ನೋಡುತ್ತಿದ್ದರು. ಇಲ್ಲಿ ಅವುಗಳಿಗೆ ಫ್ಯಾನು ಎಂದೇ ಹೆಸರು. “ಮೇಡಂ, ಫ್ಯಾನು ಆ ಕಡಿ ತಿರಿಗ್ಯಾವ. ಈ ಬಾಜೂಕ ನಿಂದ್ರೂಣ,” ಎಂದು ಅವರೇ ಹೇಳುವರು. ಎತ್ತರಕ್ಕೆ ಎತ್ತಿಹಾಕುವ ನನ್ನ ಕ್ಲಬ್ಬಿನ ಪಾಠವನ್ನು ಬಿಟ್ಟು, ನಾನೂ ಅವರೊಂದಿಗೆ ತಗ್ಗಿನ ಚೆಂಡಿನ ಸರ್ವ್ ಕಲಿತೆ. ಆ ವರ್ಷ ಅಂತರಕಾಲೇಜು ಕೂಟದಲ್ಲಿ ನಮ್ಮ ತಂಡ ಮೊದಲ ಸುತ್ತು ದಾಟಿತು. ಸಣ್ಣ ಗೆಲುವು. ಮಾಬುನ್ನಿ ಓಣಿಗೆಲ್ಲ ಸಕ್ಕರೆ ಹಂಚಿದರು.

ಎರಡನೆಯ ವರ್ಷದ ಮಧ್ಯದಲ್ಲಿ ರೇಣುಕಾ ಒಂದು ವಾರ ಆಟಕ್ಕೆ ಬರಲಿಲ್ಲ. ತಾಯಿಯ ತಮ್ಮನಿಗೆ ಅವಳನ್ನು ಕೊಡುವ ಮಾತು ನಡೆದಿದೆ ಎಂದು ಗೆಳತಿಯರು ಹೇಳಿದರು. ಶೈಲಜಾಳ ಬಳಿ ಹೋದೆ. ಅವಳು ಕಾಲೇಜಿನ ಕಾರ್ಯದರ್ಶಿ. “ಮುಂದಿನ ವರ್ಷ ನಾವು ದೈಹಿಕ ಶಿಕ್ಷಣ ಕಾಲೇಜು ತೆಗೀತಿದ್ದೇವೆ. ಮೊದಲ ಸೀಟು ಅವಳಿಗೇ. ಹೋಗಿ ಮಾತು ಕೊಟ್ಟು ಬಾ,” ಎಂದಳು.

ಹೋದೆ. ಮೈಲಾರಪ್ಪ ಕಂಬಳಿ ಹಾಸಿ ಕೂರಿಸಿದರು. ತಾಯಿ ಹನುಮವ್ವ ಬಾಗಿಲ ಬಳಿ ನಿಂತಿದ್ದರು.

“ಎರಡು ವರ್ಷ ಕೊಡಿ,” ಎಂದೆ. “ಓದು ಮುಗಿಯುತ್ತದೆ. ಅದರ ಮೇಲೆ ಟ್ರೇನಿಂಗ್ ಸೀಟು ಅಲ್ಲೇ ಸಿಗುತ್ತದೆ. ಟೀಚರ್ ಆಗ್ತಾಳೆ.”

“ಯಾರು ಹೇಳ್ಯಾರ್ರಿ?” ಎಂದರು ಹನುಮವ್ವ.

“ನಾನು ಹೇಳ್ತಿದ್ದೀನಿ,” ಎಂದೆ.

ಮೈಲಾರಪ್ಪ ಹೆಂಡತಿಯ ಕಡೆ ತಿರುಗಿ ಹೇಳಿದರು: “ಮೇಡಂಗೆ ನಾವೇನು ಬಂಧು ಬಳಗ ಅಲ್ಲ. ಅಷ್ಟು ದೂರದಿಂದ ಬಂದು ಮಾತು ಕೊಡಾಕತ್ಯಾರ ಅಂದ್ರ ಖರೇನ ಇರ್ಬೇಕು. ನಿನ್ನ ತಮ್ಮಗ ಹೇಳು.” ಆ ತಮ್ಮ ಸಿಟ್ಟಾದ. ಅಕ್ಕನ ಮನೆಗೆ ಬರುವುದನ್ನೇ ಬಿಟ್ಟ. ಆ ವಿಷಯ ನನಗೆ ತಿಳಿಯುವಾಗ ತಡವಾಗಿತ್ತು. ತಿಳಿದಾಗಲೂ, ಹುಡುಗಿ ಉಳಿದಳಲ್ಲ ಎಂದು ಒಳಗೊಳಗೇ ಹಿಗ್ಗಿದ್ದೆನೆಂದು ಇಲ್ಲಿ ಒಪ್ಪಿಕೊಳ್ಳಬೇಕು.

ಮೂರನೆಯ ವರ್ಷ ಕಾಲೇಜಿನ ಪರಿಶೀಲನೆಗೆ ಹೊರಗಿನಿಂದ ಒಂದು ಸಮಿತಿ ಬರುವುದಿತ್ತು. ತಿಂಗಳ ಮೊದಲೇ ಕಾಲೇಜಿಗೆ ಬಣ್ಣ ಬಂತು. ಅಂಕಣಕ್ಕೆ ಹೊಸ ನೆಟ್ ಬಂತು, ಬೆಂಚು ಬಂತು, ನನ್ನ ಹಳೆಯ ಪಂದ್ಯದ ಫೋಟೋ ದೊಡ್ಡದಾಗಿ ಗೋಡೆಗೆ ಏರಿತು. ಸಮಿತಿಯವರು ಬಂದ ದಿನ ರೇಣುಕಾ ಮತ್ತು ಅವಳ ಜೊತೆಗಾರ್ತಿ ಆಡಲು ನಿಂತಾಗ, ಶೈಲಜಾ ಸೀರೆ ಬದಲಿಸಿ ಟ್ರ್ಯಾಕ್ ಪ್ಯಾಂಟ್ ತೊಟ್ಟು ಬಂದುಬಿಟ್ಟಳು. ಕೈಯಲ್ಲಿ ಅವಳ ಹಳೆಯ ರ‍್ಯಾಕೆಟ್. “ವಸೂ, ಹಿಂದೆ ನಿಲ್ಲು,” ಎಂದಳು.

ಹನ್ನೆರಡು ವರ್ಷದ ಮೇಲೆ ನಾವಿಬ್ಬರೂ ಒಂದೇ ಬದಿಯಲ್ಲಿ ಆಡಿದೆವು. ಅವಳಿಗೆ ದಮ್ಮು ಸಾಲುತ್ತಿರಲಿಲ್ಲ, ನನಗೆ ಮಂಡಿ. ಆದರೂ ಅವಳು ಎಡಕ್ಕೆ ಸರಿದರೆ ನನ್ನ ಕಾಲು ತಾನಾಗಿ ಬಲಕ್ಕೆ ಹೋಗುತ್ತಿತ್ತು. ಅವಳ ತಲೆಯ ಮೇಲೆ ಹೋದ ಒಂದು ಚೆಂಡನ್ನು ನಾನು ಓಡಿ ಹಿಂದಿರುಗಿಸಿದಾಗ ಅವಳು ತಿರುಗಿಯೂ ನೋಡಲಿಲ್ಲ. ನಾನು ತಲುಪುತ್ತೇನೆಂದು ಅವಳಿಗೆ ಗೊತ್ತಿತ್ತು. ಹುಡುಗಿಯರು ಕೇಕೆ ಹಾಕಿದರು. ಸಮಿತಿಯವರು ಎದ್ದು ಚಪ್ಪಾಳೆ ತಟ್ಟಿದರು. ಈ ಊರಿಗೆ ಬಂದಿದ್ದು ಸರಿ ಎಂದು ಆ ದಿನ ಮೊದಲ ಸಲ ಸಂಶಯವಿಲ್ಲದೆ ಅನ್ನಿಸಿತು.

ಅದಾದ ವಾರಕ್ಕೆ ಸಂಕ್ರಾಂತಿ. ಮೈಸೂರಿಗೆ ಹೋಗಿ ಅಮ್ಮನ ಜೊತೆ ನಾಲ್ಕು ದಿನ ಇದ್ದು ಮರಳಿದೆ. ಬಸ್ಸಿಳಿದು ನೇರ ಕಾಲೇಜಿಗೆ ಹೋದರೆ, ಅಂಕಣದ ನಡುವೆ ಜೆಸಿಬಿ. ಆಳು ಮುಳುಗುವಷ್ಟು ಆಳದ ಎರಡು ಕಾಲುವೆ ತೋಡಿದ್ದರು. ನೆಟ್ ಕಂಬಗಳು ಗೋಡೆಗೊರಗಿದ್ದವು. ಜರಡಿ ಹಿಡಿದ ಗರಸೆಲ್ಲ ಅಡಿಪಾಯದ ಮಣ್ಣಿನೊಂದಿಗೆ ಒಂದೇ ಗುಡ್ಡೆಯಾಗಿತ್ತು. ನಾನು ಕೂಗುತ್ತ ಓಡಿದೆ. ಜೆಸಿಬಿ ಚಾಲಕ ಇಂಜಿನ್ ಆರಿಸಿ ಕೆಳಗಿಳಿದ. ಪಾಪ, ಸಭ್ಯ ಮನುಷ್ಯ.

“ನರ್ಸಿಂಗ್ ಕಾಲೇಜ್ ಕಟ್ತಾರಂತ್ರಿ. ನಮ್ಗ ಹ್ವಾದ ತಿಂಗಳ ಹೇಳಿದ್ರು. ಯಾರೋ ನೋಡಾಕ ಬರಾರದಾರ, ಅವ್ರು ಹೋಗಾತನಕ ತಡಿ ಅಂದಿದ್ರು.”

ಹೋದ ತಿಂಗಳು. ಹೊಸ ನೆಟ್ ಬಂದದ್ದೂ ಹೋದ ತಿಂಗಳೇ.

ಶೈಲಜಾಳ ಕೋಣೆಗೆ ಹೋದಾಗ ಗುಮಾಸ್ತರು ಎದುರಿಗಿದ್ದರು. “ಕುಂದ್ರಿ ಮೇಡಂ,” ಎಂದಳು ಅವಳು ನನಗೆ. ಅವಳ ಬಾಯಲ್ಲಿ ಮೇಡಂ ಎಂಬ ಮಾತನ್ನು ನಾನು ಕೇಳಿದ್ದು ಅದೇ ಮೊದಲು. ಗುಮಾಸ್ತರು ಹೊರಗೆ ಹೋಗುವವರೆಗೆ ನಿಂತೇ ಇದ್ದೆ.

“ನಿನಗೆ ಗೊತ್ತಿತ್ತಾ?”

“ಗೊತ್ತಿತ್ತು.”

“ಅವತ್ತು ನನ್ನ ಜೊತೆ ಆಡಿದಾಗ?”

“ಅವತ್ತೂ ಗೊತ್ತಿತ್ತು.” ಅವಳು ಕಿಟಕಿಯ ಕಡೆ ನೋಡಿದಳು. “ಆದರೆ ಆಡಿದ್ದು ಸುಳ್ಳಲ್ಲ ವಸೂ.”

“ರೇಣುಕಾಳ ಸೀಟು?”

“ದೈಹಿಕ ಶಿಕ್ಷಣ ಕಾಲೇಜು ಕೈಬಿಟ್ಟಿದ್ದೇವೆ. ನರ್ಸಿಂಗಿಗೆ ಜನ ಬರ್ತಾರೆ. ಬೇಕಾದರೆ ಅವಳೂ ಅದಕ್ಕೇ ಸೇರಲಿ. ನಾನು ಮದುವೆಯಾಗಿ ಬಂದಾಗ ಇದೇ ಜಾಗದಲ್ಲಿ ನನಗೂ ಕೋರ್ಟ್ ಹಾಕಿಸಿಕೊಡ್ತೀವಿ ಅಂದಿದ್ದರು, ಗೊತ್ತಾ? ನನ್ನ ಮಾತು ಇಲ್ಲಿ ಎಷ್ಟು ನಡೆಯುತ್ತೆ ಅಂತ ನಿನಗೆ ಗೊತ್ತಿಲ್ಲ.”

“ನಡೆಯದ ಮಾತನ್ನು ನನ್ನ ಬಾಯಲ್ಲಿ ಯಾಕೆ ಹೇಳಿಸಿದೆ?”

ಸೋತ ಪಂದ್ಯಗಳ ನಂತರ ಅವಳು ಎಷ್ಟೋ ಸಲ ಅತ್ತದ್ದನ್ನು ಕಂಡಿದ್ದೇನೆ. ಆ ದಿನ ಅವಳ ಕಣ್ಣು ಒಣಗಿತ್ತು. ನನಗೆ ಸಿಟ್ಟು ಬಂದದ್ದು ಆಮೇಲೆ. ಆಗ ಆದದ್ದು ನಾಚಿಕೆ, ಇಷ್ಟು ವರ್ಷ ಅವಳ ಬೆನ್ನನ್ನೇ ನೋಡಿಕೊಂಡು ಆಡಿದವಳಿಗೆ ಅವಳ ಮುಖ ಓದಲು ಬರಲಿಲ್ಲವಲ್ಲ ಎಂದು. ರಾಜೀನಾಮೆ ಬರೆದುಕೊಟ್ಟು ಬಂದೆ.

ಹಿರೇಹಡಗಲಿಯ ದಾರಿ ಆ ದಿನ ಉದ್ದವಾಗಿತ್ತು. ರೇಣುಕಾ ನನಗಿಂತ ಮೊದಲೇ ಮನೆ ತಲುಪಿದ್ದಳು. ಎಲ್ಲ ಹೇಳಿದೆ. ಹನುಮವ್ವನ ದನಿ ಏರಿತು:

“ನಿಮ್ಮ ಮಾತು ಕಟ್ಕೊಂಡು ನನ್ನ ಒಡಹುಟ್ಟಿದ ತಮ್ಮನ್ನ ಕಳ್ಕೊಂಡ್ನಿ. ಹಬ್ಬಕ್ಕ ಬರಲಿಲ್ಲ, ಸತ್ರ ಮಣ್ಣಿಗೂ ಬರಂಗಿಲ್ಲ ಅಂದಾನ. ಯಾರು ಹೇಳ್ಯಾರ ಅಂದ್ರ, ನಾ ಹೇಳ್ತೀನಿ ಅಂದ್ರಲ್ಲಾ ನೀವು?”

“ನನಗೂ ಮೋಸ ಆಯಿತು ಅಮ್ಮ,” ಎಂದೆ.

ಮೈಲಾರಪ್ಪ ತಲೆ ಎತ್ತಿದರು. ಸಿಟ್ಟಿರಲಿಲ್ಲ. “ಅಕ್ಕಾರ, ನೀವು ಅವ್ರಿಂದ ಮೋಸ ಹೋಗೀರಿ. ನಾವು ನಿಮ್ಮಿಂದ ಹೋಗೀವಿ. ನಮಗ ಅವ್ರು ಯಾರಂತ ಗೊತ್ತಿಲ್ರಿ, ನೀವು ಗೊತ್ತು.”

ರೇಣುಕಾ ಗೋಡೆಗೊರಗಿ ಕೂತಿದ್ದಳು. ಎದ್ದು, ಕಾಲೇಜಿನಿಂದ ಕೊಟ್ಟಿದ್ದ ರ‍್ಯಾಕೆಟ್ಟನ್ನು ತಂದು ನನ್ನ ಮುಂದಿಟ್ಟು ಒಳಗೆ ಹೋದಳು.

ನೀವು ಕೇಳುತ್ತೀರಿ, ಆಗಲೇ ಯಾಕೆ ಮೈಸೂರಿಗೆ ಮರಳಲಿಲ್ಲ ಎಂದು. ಅಮ್ಮನೂ ಅದನ್ನೇ ಕೇಳಿದರು. ಪೆಟ್ಟಿಗೆ ಕಟ್ಟಿಯೂ ಇದ್ದೆ. ಮಾಬುನ್ನಿ ಮೇಲೆ ಬಂದು ಕಟ್ಟಿದ ಪೆಟ್ಟಿಗೆಯ ಮೇಲೇ ಕೂತರು. “ಹೋಗಾದಾದ್ರ ಹೋಗ್ರಿ. ಆದ್ರ ಈ ಮಾರಿ ಹೊತ್ಕೊಂಡು ಹೋಗಬ್ಯಾಡ್ರಿ. ನಿಮ್ಮ ಅವ್ವ ನೋಡಿದ್ರ, ಕೊಟ್ಟೂರಾಗ ಯಾರೂ ಚಂದಾಗಿ ನೋಡ್ಕೊಂಡಿಲ್ಲ ಅಂತಾರ. ಆ ಹೆಸ್ರು ನಮಗ ಯಾಕ?” ಒಂದು ವಾರ ಉಳಿದೆ. ಆ ವಾರದಲ್ಲೇ ಹರಪನಹಳ್ಳಿಯ ಕಾಲೇಜೊಂದರಿಂದ ಕರೆ ಬಂತು, ವಾರಕ್ಕೆ ನಾಲ್ಕು ದಿನ ಅತಿಥಿ ತರಬೇತುದಾರಳಾಗಿ ಬನ್ನಿ ಎಂದು. ಕೊಟ್ಟೂರಿನಿಂದ ಬಸ್ಸಿನಲ್ಲಿ ಓಡಾಡತೊಡಗಿದೆ. ಅಲ್ಲಿ ಮಾತು ಸ್ವಲ್ಪ ದಾವಣಗೆರೆ ಕಡೆಗೆ ವಾಲುತ್ತದೆ. ನನ್ನ ಕೊಟ್ಟೂರಿನ ಐತಿ, ಅಕ್ಕೈತಿ ಕೇಳಿ ಅಲ್ಲಿನ ಹುಡುಗಿಯರು ನಗುತ್ತಾರೆ. ಮೈಸೂರಿನವಳೆಂದರೆ ನಂಬುವುದಿಲ್ಲ. ಮೈಸೂರಿಗೆ ಹೋದರೆ ಅಕ್ಕಪಕ್ಕದವರು, “ಏನಮ್ಮ ಬಳ್ಳಾರಿಯವಳಾಗಿಬಿಟ್ಟೆ,” ಎನ್ನುತ್ತಾರೆ. ಕೊಟ್ಟೂರಿನ ಓಣಿಯಲ್ಲಿ ನಾನು ಇವತ್ತಿಗೂ ಮೈಸೂರು ಮೇಡಂ.

ರೇಣುಕಾಳಿಗೆ ಬರೆದ ಪತ್ರಗಳಿಗೆ, ಮಾಡಿದ ಫೋನುಗಳಿಗೆ ಉತ್ತರ ಬರಲಿಲ್ಲ. ಮುಂದಿನ ಮಳೆಗಾಲದಲ್ಲಿ ಮಾಬುನ್ನಿ ಸುದ್ದಿ ತಂದರು; ಮೊದಲು ನಮ್ಮ ಮನೆಗೆ ಬರುತ್ತಿದ್ದ ಹುಡುಗಿ ಅವರಿಗೆ ಫೋನ್ ಮಾಡಿದ್ದಳಂತೆ. ರೇಣುಕಾ ದಾವಣಗೆರೆಗೆ ಒಬ್ಬಳೇ ಹೋಗಿ ಆಯ್ಕೆಯ ಓಟ, ಜಿಗಿತ, ಸಂದರ್ಶನ ಎಲ್ಲ ಮುಗಿಸಿ ದೈಹಿಕ ಶಿಕ್ಷಣದ ಸೀಟು ಪಡೆದಿದ್ದಳು. ನನ್ನ ಶಿಫಾರಸು ಪತ್ರ ಕೇಳಿರಲಿಲ್ಲ. “ನಿಮಗ ಹೇಳಬ್ಯಾಡ ಅಂದಿದ್ಲು. ನನ್ನ ಬಾಯಿ ನಿಂದ್ರಂಗಿಲ್ಲ,” ಎಂದರು ಮಾಬುನ್ನಿ.

ಹೋದ ತಿಂಗಳು ಹರಪನಹಳ್ಳಿಯಲ್ಲಿ ಅಂತರಕಾಲೇಜು ಕೂಟ ನಡೆಯಿತು. ಅಂಪೈರಿಂಗ್ ಕಲಿಯುವುದಕ್ಕೆಂದು ದಾವಣಗೆರೆಯಿಂದ ಕೆಲವು ವಿದ್ಯಾರ್ಥಿಗಳು ಬಂದಿದ್ದರು. ನಮ್ಮ ಪಂದ್ಯದ ಎತ್ತರದ ಕುರ್ಚಿಯ ಮೇಲೆ ಬಿಳಿ ಅಂಗಿ ತೊಟ್ಟು ಕೂತವಳು ರೇಣುಕಾ. ನಿರ್ಣಾಯಕ ಘಟ್ಟದಲ್ಲಿ ನನ್ನ ಹುಡುಗಿ ಹೊಡೆದ ಚೆಂಡು ಗೆರೆಯ ಬಳಿ ಬಿತ್ತು. “ಔಟ್,” ಎಂದಳು. ಒಳಗೆ ಬಿದ್ದಿತೆಂದು ನನಗೆ ಅನ್ನಿಸಿತು. ಎದ್ದು ಎರಡು ಹೆಜ್ಜೆ ಮುಂದೆ ಹೋದೆ. ಗಟ್ಟಿ ಸಿಮೆಂಟಿನ ಮೇಲೆ ಗುರುತೇನೂ ಇರಲಿಲ್ಲ. ಅವಳು ನೇರವಾಗಿ ನನ್ನ ಕಣ್ಣು ನೋಡಿ ಮತ್ತೆ ಹೇಳಿದಳು: “ಔಟ್ ಐತ್ರಿ, ಮೇಡಂ.” ನಾನು ಹಿಂದಕ್ಕೆ ಬಂದು ಕೂತೆ. ನಾವು ಸೋತೆವು.

ಪಂದ್ಯ ಮುಗಿದ ಮೇಲೆ ನೀರಿನ ನಲ್ಲಿಯ ಬಳಿ ಅವಳೇ ಬಂದಳು. ತೆಳ್ಳಗಾಗಿದ್ದಳು, ಬಿಸಿಲಿಗೆ ಇನ್ನಷ್ಟು ಕಪ್ಪಾಗಿದ್ದಳು. ತಾಯಿಯ ತಮ್ಮ ಈಗ ಬೇರೆ ಕಡೆ ಮದುವೆಯಾಗಿದ್ದಾನೆ, ಇನ್ನೂ ಮನೆಗೆ ಬಂದಿಲ್ಲ ಎಂದಳು. ಆಮೇಲೆ ಕೇಳಿದಳು:

“ಮೈಸೂರಿಗೆ ಹೋಗ್ತೀರಂತಲ್ರಿ? ನಿಮ್ಮ ಕ್ಲಬ್ಬಿನವ್ರು ಕರ‍್ಯಾರಂತ, ಮಾಬುನ್ನಿ ಚಾಚಿ ಹೇಳಿದ್ಲು.”

“ಕರೆದಿದ್ದಾರೆ, ಕೋಚ್ ಆಗಿ. ಹೋಗಲಾ?”

“ಅದನ್ನ ನನ್ನ ಕೇಳಬ್ಯಾಡ್ರಿ,” ಎಂದಳು. ಮುಖ ತೊಳೆದು, ಅಂಗಿಯ ತೋಳಲ್ಲಿ ಒರೆಸಿಕೊಂಡಳು. “ಒಂದ್ಸಲ ನಾವು ನಿಮ್ಮ ಮಾತು ಕೇಳೀವಿ. ಈಗ ನೀವು ನಮ್ಮ ಮಾತು ಕೇಳಾದು ಬ್ಯಾಡ.” ಅಷ್ಟು ಹೇಳಿ ಹೊರಟವಳು, ನಾಲ್ಕು ಹೆಜ್ಜೆ ಹೋಗಿ ನಿಂತಳು. “ಆ ಹುಡುಗಿಗೆ ಸರ್ವ್ ತಗ್ಗಿಸಿ ಹೊಡಿಯಾಕ ಹೇಳ್ರಿ. ಗಾಳಿಗೆ ಚೆಂಡು ಹಾರಾಕತ್ತೈತಿ.” ಮತ್ತೆ ತಿರುಗಿ ನೋಡಲಿಲ್ಲ.

ಸಂಜೆ ಹರಪನಹಳ್ಳಿ ಬಸ್ ನಿಲ್ದಾಣದಲ್ಲಿ ಕೂತಿದ್ದೆ. ಅಮ್ಮನ ಫೋನು ಬಂತು. ಕ್ಲಬ್ಬಿನವರು ಮನೆಗೇ ಬಂದು ವಿಚಾರಿಸಿದರಂತೆ. “ಊರಿಗೆ ಯಾವಾಗ ಬರ್ತೀಯ ವಸೂ?” ಎಂದರು. ಬೇಗ ಬರ್ತೀನಿ ಎಂದೆ. ಅದನ್ನು ಇಟ್ಟು ಐದು ನಿಮಿಷವಾಗಿರಲಿಲ್ಲ, ಮಾಬುನ್ನಿಯ ಫೋನು. ರೊಟ್ಟಿ ತಟ್ಟುವ ಸದ್ದಿನ ನಡುವೆ ಕೂಗಿ ಕೇಳಿದರು: “ಊರಿಗೆ ಯಾವಾಗ ಬರ್ತೀರಿ? ಅದೇನು ಮೈಸೂರಿಗೆ ಹೋಗಾದು ಗಟ್ಟಿಯೇನು, ಇಲ್ಲೇ ಇರ‍್ತೀರೇನು?” ಬರ್ತೀನ್ರಿ, ಇಲ್ಲೇ ಇರ‍್ತೀನಿ ಎಂದೆ.

ಆ ದಿನ ಹತ್ತು ನಿಮಿಷದೊಳಗೆ ಇಬ್ಬರಿಗೆ ಮಾತು ಕೊಟ್ಟಿದ್ದೇನೆ. ಅವರಲ್ಲಿ ಒಬ್ಬರಿಗೆ ಅದು ಸುಳ್ಳಾಗಲಿದೆ. ಯಾರಿಗೆಂದು ಇದನ್ನು ಬರೆಯುತ್ತಿರುವ ಈ ಹೊತ್ತಿಗೂ ನನಗೆ ಗೊತ್ತಾಗಿಲ್ಲ.